ಎದುರು ಮನೆ ಕಿಟಕಿಯ ಐದು ಪುಸ್ತಕ: ನಿಮಗೆ ಯಾವ ಸುಳ್ಳುಗಾರರು ಬೇಕು?

"ದೊಡ್ಡಮ್ಮಾ, ಒಂದು ಪುಸ್ತಕ ಹೇಳು. ಕೊಲೆ ಇರ್ಬೇಕು, ನಗು ಬರ್ಬೇಕು, ಆದ್ರೆ ಪೊಲೀಸು, ಪತ್ತೇದಾರ ಎಲ್ಲಾ ಬೇಡ." ಕೊಪ್ಪಳದಿಂದ ತಂಗಿಯ ಮಗಳು ಫೋನ್ ಮಾಡಿ ಕೇಳಿದ್ದು ಇಷ್ಟೇ. ಅದೇ ವಾರ ನಮ್ಮ ಓದುವ ಗುಂಪಿನಲ್ಲೂ ಇದೇ ಜಗಳ ಎದ್ದಿತ್ತು. ಗುಂಪು ಅಂದರೆ ಐದು ಜನ, ಅದರಲ್ಲಿ ನಿಜವಾಗಿ ಓದುವವರು ಮೂರೇ. ಒಬ್ಬರಿಗೆ ಇಂಗ್ಲಿಷಿನದೇ ಬೇಕು, ಇನ್ನೊಬ್ಬರು ಕನ್ನಡದಲ್ಲಿ ಇಂಥದ್ದು ಇಲ್ವಾ ಅಂತ ಕೇಳುತ್ತಾರೆ, ಮೂರನೆಯವರು ಸಿನಿಮಾ ನೋಡಿದ್ದೀನಿ ಸಾಕಲ್ವಾ ಅನ್ನುತ್ತಾರೆ. ಎಲ್ಲರಿಗೂ ಬೇರೆ ಬೇರೆ ಉತ್ತರ ಕೊಟ್ಟು ಸಾಕಾಗಿ ಒಂದೇ ಸಲ ಬರೆದುಬಿಡೋಣ ಅಂತ ಕೂತಿದ್ದೇನೆ.

ಎಂಥ ಪುಸ್ತಕದ ಮಾತು ಇದು ಅಂದರೆ, ಊರಾಚೆಯ ಒಂದು ಬಡಾವಣೆ, ಅಲ್ಲೊಂದು ಒಂಟಿ ಜೀವ, ಒಂದು ಕಿಟಕಿ. ಅಕ್ಕಪಕ್ಕದಲ್ಲಿ ಏನೋ ಆಗಿದೆ. ಏನು ಅಂತ ಹೇಳುತ್ತಿರುವವರೇ ನಂಬಿಕೆಗೆ ಅರ್ಹರಲ್ಲ. ಓದುತ್ತಾ ನಗು ಬರುತ್ತದೆ, ನಕ್ಕ ಮೇಲೆ ಛೇ ಇದಕ್ಕೆ ನಗಬಾರದಿತ್ತು ಅನಿಸುತ್ತದೆ.

ಈ ವಿಷಯದಲ್ಲಿ ನನ್ನ ಯೋಗ್ಯತೆ ಏನು ಅಂತ ಮೊದಲೇ ಹೇಳಿಬಿಡುತ್ತೇನೆ. ನಾವಿರುವುದು ಬಳ್ಳಾರಿಯ ಹೊರಗೆ, ಹೊಸ ಲೇಔಟಿನಲ್ಲಿ. ನಲವತ್ತು ಸೈಟು, ಹನ್ನೊಂದು ಮನೆ, ಉಳಿದದ್ದೆಲ್ಲ ಬಳ್ಳಾರಿ ಜಾಲಿ. ಮನೆಯವರಿಗೆ ತೋರಣಗಲ್ಲಿನಲ್ಲಿ ಕೆಲಸ, ನೈಟ್ ಶಿಫ್ಟ್ ಇದ್ದ ವಾರ ನಾನೊಬ್ಬಳೇ. ಹೋದ ಬೇಸಿಗೆಯಲ್ಲಿ ಕರೆಂಟು ಹೋದ ಒಂದು ರಾತ್ರಿ, ಎರಡು ಗಂಟೆ ಇರಬೇಕು, ಸೆಕೆ ತಾಳಲಾರದೆ ಕಿಟಕಿ ಹತ್ತಿರ ಕೂತಿದ್ದೆ. ಎದುರು ಮನೆಯವರು ಮೆಲ್ಲಗೆ ಗೇಟು ತೆಗೆದು ಹೊರಗೆ ಬಂದರು. ಹಳೇ ಚಾಪೆಯಲ್ಲಿ ಸುತ್ತಿದ ಉದ್ದನೆಯದೇನನ್ನೋ ಎಳೆಯುತ್ತಿದ್ದರು. ಆಮೇಲೆ ಒಳಗೆ ಹೋಗಿ ನೀಲಿ ಡ್ರಮ್ಮು ಉರುಳಿಸಿಕೊಂಡು ಬಂದರು. ಅವರ ಹೆಂಡತಿ ಎಂಟು ದಿನದಿಂದ ಕಂಡಿರಲಿಲ್ಲ. ಎಂಟು ಅಂತ ನನಗೆ ಹೇಗೆ ಗೊತ್ತು ಅಂದರೆ, ಎಣಿಸಿದ್ದೆ.

ಮತ್ತೆ ಎರಡು ರಾತ್ರಿ ಬಿಟ್ಟು ಅದೇ ಹೊತ್ತಿಗೆ ಅದೇ ಚಾಪೆ. ನಾನು ಕ್ಯಾಲೆಂಡರಿನ ಹಿಂದೆ ಟೈಮು ಬರೆದಿಟ್ಟುಕೊಂಡೆ. ಮೂರನೇ ಸಲ ಅವರು ಮೊಬೈಲ್ ಟಾರ್ಚನ್ನು ನೇರ ನನ್ನ ಕಿಟಕಿಗೇ ಬಿಟ್ಟರು. "ಅಕ್ಕಾರ, ನಿದ್ದಿ ಬರವಲ್ದೇನ್ರಿ? ನೀರು ಬಿಟ್ಟಾರ್ರಿ, ನಿಮ್ದೂ ಹಿಡ್ಕೊಳ್ರಿ."

ಚಾಪೆಯೊಳಗೆ ಇದ್ದದ್ದು ನೀರಿನ ಪೈಪು. ಕಲ್ಲಿಗೆ ಉಜ್ಜಿ ಹರಿಯದಿರಲಿ ಅಂತ ಸುತ್ತಿದ್ದರಂತೆ. ಹೆಂಡತಿ ರಾಯಚೂರಿಗೆ ಹೋಗಿದ್ದರು, ಮಗಳ ಬಾಣಂತನಕ್ಕೆ. ಮನೆಯವರಿಗೆ ಇದನ್ನು ಹೇಳುವಾಗ "ಒಂದು ಕ್ಷಣ ಅನುಮಾನ ಬಂತು ಅಷ್ಟೆ" ಅಂದೆ. ಕ್ಯಾಲೆಂಡರಿನ ವಿಷಯ ಹೇಳಲಿಲ್ಲ. ಹಾಗಾಗಿ ಕೆಳಗೆ ಬರೆದಿರುವುದನ್ನು ಅದಕ್ಕೆ ತಕ್ಕಂತೆ ನಂಬಿ.

ಆರಿಸುವ ಮೊದಲು ನೋಡಬೇಕಾದದ್ದು

ಇಂಥ ಪುಸ್ತಕಗಳನ್ನು ಜನ ಆರಿಸುವುದು ಹೆಚ್ಚಾಗಿ ಕವರಿನ ಮೇಲಿನ ಹೊಗಳಿಕೆ ನೋಡಿ. "ಕೊನೇ ಪುಟದ ತಿರುವು!" ಅಂತ ಎಲ್ಲದರ ಮೇಲೂ ಇರುತ್ತದೆ. ಅದನ್ನು ಬಿಡಿ. ನಾನು ಮೊದಲು ನೋಡುವುದು ಸುಳ್ಳು ಎಂಥದ್ದು ಅಂತ. ಕುಡಿದು ಮರೆತು ತಪ್ಪು ಹೇಳುವವರು ಬೇರೆ, ಗೊತ್ತಿದ್ದೂ ಬಾಯಿ ಬಿಡದವರು ಬೇರೆ, ಎಲ್ಲ ಹೇಳುತ್ತಲೇ ತಮ್ಮ ಪಾಲನ್ನು ಮಾತ್ರ ನುಂಗುವವರು ಬೇರೆ. ಇನ್ನು ಕೆಲವರು ನಮಗೆ ಸುಳ್ಳು ಹೇಳುವುದೇ ಇಲ್ಲ, ಹೇಳಿಕೊಳ್ಳುವುದು ತಮಗೆ ತಾವೇ. ಇದರಲ್ಲಿ ನಿಮಗೆ ಯಾರ ಜೊತೆ ಮೂರು ರಾತ್ರಿ ಕಳೆಯಲು ಆಗುತ್ತದೆ ಅನ್ನುವುದು ದೊಡ್ಡ ಪ್ರಶ್ನೆ. ಕೊಲೆ ಯಾರು ಮಾಡಿದರು ಅನ್ನುವುದು ಅದರ ನಂತರ.

ಎರಡನೆಯದು ನಗು. ಕಪ್ಪು ಹಾಸ್ಯ ಅಂತ ಹೆಸರಿಟ್ಟುಕೊಂಡ ಎಷ್ಟೋ ಪುಸ್ತಕಗಳಲ್ಲಿ ಕಪ್ಪು ಮಾತ್ರ ಇರುತ್ತದೆ. ಮೂರನೆಯದು, ಕೊನೆಗೆ ಗಂಟು ಬಿಚ್ಚುತ್ತದಾ ಇಲ್ವಾ. ಕೆಲವರಿಗೆ ಬಿಚ್ಚದಿದ್ದರೆ ದುಡ್ಡು ದಂಡವಾದ ಹಾಗೆ. ತಪ್ಪೇನಿಲ್ಲ, ಆದರೆ ಮೊದಲೇ ತಿಳಿದಿರಬೇಕು. ಇನ್ನು ಸಮಯ, ಭಾಷೆ, ದುಡ್ಡು ಇದ್ದೇ ಇದೆ, ಅದಕ್ಕೆ ಕೊನೆಯಲ್ಲಿ ಬರುತ್ತೇನೆ.

ಒಂದು ಮಾತು. ಅಗಾಥಾ ಕ್ರಿಸ್ಟಿಯ ಒಂದು ಕಾದಂಬರಿ ಈ ಪಟ್ಟಿಯ ತಲೆಯ ಮೇಲೇ ಇರಬೇಕಿತ್ತು. ಆದರೆ ಇಲ್ಲಿ ಅದರ ಹೆಸರು ಹೇಳಿದರೆ ಅಲ್ಲಿಗೆ ಅದರ ಮಜಾ ಮುಗಿಯಿತು. ಗೊತ್ತಿದ್ದವರು ಸುಮ್ನಿರಿ.

ರೈಲಿನ ಕಿಟಕಿ

ದ ಗರ್ಲ್ ಆನ್ ದ ಟ್ರೇನ್. ಬರೆದವರು ಪೌಲಾ ಹಾಕಿನ್ಸ್, ಬಂದದ್ದು 2015ರಲ್ಲಿ. ಎಲ್ಲರೂ ಮೊದಲು ಕೇಳುವುದು ಇದನ್ನೇ. ರೇಚಲ್ ಅನ್ನುವವಳು ದಿನಾ ಬೆಳಿಗ್ಗೆ 8.04ರ ರೈಲಿನಲ್ಲಿ ಲಂಡನ್ನಿಗೆ ಹೋಗುತ್ತಾಳೆ. ಕೆಲಸ ಹೋಗಿ ತಿಂಗಳುಗಳಾಗಿವೆ, ಆದರೂ ಹೋಗುತ್ತಾಳೆ, ಜೊತೆಯಲ್ಲಿರುವ ಗೆಳತಿಗೆ ಗೊತ್ತಾಗಬಾರದು ಅಂತ. ರೈಲು ಒಂದು ಸಿಗ್ನಲ್ಲಿನಲ್ಲಿ ನಿಂತಾಗ ಹಳಿ ಪಕ್ಕದ ಒಂದು ಮನೆ ಕಾಣುತ್ತದೆ. ಅಲ್ಲಿನ ಗಂಡಹೆಂಡತಿಗೆ ತಾನೇ ಹೆಸರಿಟ್ಟಿದ್ದಾಳೆ, ಸಂಸಾರವನ್ನೂ ತಾನೇ ಕಟ್ಟಿಕೊಟ್ಟಿದ್ದಾಳೆ. ಅದೇ ರಸ್ತೆಯಲ್ಲಿ ಸ್ವಲ್ಪ ಆಚೆ ಅವಳದೇ ಹಳೇ ಮನೆ. ಅಲ್ಲಿ ಈಗ ಅವಳ ಮಾಜಿ ಗಂಡ, ಅವನ ಹೊಸ ಹೆಂಡತಿ. ಒಂದು ಶನಿವಾರ ರಾತ್ರಿ ಕುಡಿದು ಆ ಕಡೆ ಹೋಗುತ್ತಾಳೆ, ಬೆಳಿಗ್ಗೆ ಎದ್ದರೆ ತಲೆಗೆ ಗಾಯ, ಏನೂ ನೆನಪಿಲ್ಲ. ಕಿಟಕಿಯಲ್ಲಿ ಕಾಣುತ್ತಿದ್ದ ಹೆಂಗಸು ನಾಪತ್ತೆ.

ಹಂಪಿ ಎಕ್ಸ್‌ಪ್ರೆಸ್ಸಿನಲ್ಲಿ ಓಡಾಡಿದವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಬಳ್ಳಾರಿ ಸ್ಟೇಷನ್ನಿನ ಹೊರಗೆ ಸಿಗ್ನಲ್ ಸಿಗದೆ ಗಾಡಿ ನಿಂತರೆ ಹಳಿ ಪಕ್ಕದ ಹಿತ್ತಲುಗಳೆಲ್ಲ ನಮ್ಮ ಮುಂದೆ ಬಿಚ್ಚಿಕೊಳ್ಳುತ್ತವೆ. ಒಣಗಿದ ಯೂನಿಫಾರ್ಮು, ಮುರಿದ ಕೂಲರು, ಹಲ್ಲುಜ್ಜುತ್ತಾ ನಮ್ಮನ್ನೇ ನೋಡುವ ಒಬ್ಬ ಅಜ್ಜ. ಐದು ನಿಮಿಷದಲ್ಲಿ ಆ ಮನೆಯಲ್ಲಿ ಯಾರಿಗೆ ಯಾರ ಮೇಲೆ ಸಿಟ್ಟು ಅಂತ ನಾವೇ ತೀರ್ಮಾನ ಮಾಡಿಬಿಟ್ಟಿರುತ್ತೇವೆ.

ಇದರ ಬಲ ಗಂಟು. ಗಟ್ಟಿಯಾಗಿ ಕಟ್ಟಿ ಕೊನೆಗೆ ಪೂರ್ತಿ ಬಿಚ್ಚುತ್ತಾರೆ. ಮೂವರು ಹೆಂಗಸರು ಸರದಿಯಲ್ಲಿ ಕಥೆ ಹೇಳುತ್ತಾರೆ, ತಾರೀಕುಗಳು ಹಿಂದೆ ಮುಂದೆ ಆಗುತ್ತವೆ, ಪುಟದ ಮೇಲೆ ಬರೆದ ತಾರೀಕು ನೋಡದೆ ಓದಿದರೆ ಗೋಜಲು ಖಂಡಿತ. ನಗು ಮಾತ್ರ ಕಡಿಮೆ. ರೇಚಲ್ ತನ್ನನ್ನೇ ಹೀಯಾಳಿಸಿಕೊಳ್ಳುವಾಗ ಒಂದೆರಡು ಕಡೆ ತುಟಿ ಅಲುಗುತ್ತದೆ ಅಷ್ಟೆ. ಸಿನಿಮಾ ಎರಡು ಬಂದಿವೆ. 2016ರ ಇಂಗ್ಲಿಷಿನದರಲ್ಲಿ ಕಥೆಯನ್ನು ನ್ಯೂಯಾರ್ಕಿನ ಕಡೆಗೆ ಒಯ್ದಿದ್ದಾರೆ, 2021ರಲ್ಲಿ ಹಿಂದಿಯಲ್ಲೂ ಬಂತು. ಸಿನಿಮಾ ನೋಡಿದವರು ಈ ಪುಸ್ತಕಕ್ಕೆ ದುಡ್ಡು ಹಾಕಬೇಡಿ. ಅವಳು ಏನನ್ನು ಮರೆತಿದ್ದಾಳೆ ಅನ್ನುವುದೇ ಇದರ ಜೀವ, ಅದು ಗೊತ್ತಾದ ಮೇಲೆ ಉಳಿಯುವುದು ಕಮ್ಮಿ.

ಬ್ಲೀಚಿನ ವಾಸನೆ

ನಗು ಬೇಕು ಅಂದವರಿಗೆ ಮೈ ಸಿಸ್ಟರ್, ದ ಸೀರಿಯಲ್ ಕಿಲ್ಲರ್. ನೈಜೀರಿಯಾದ ಓಯಿಂಕನ್ ಬ್ರೇತ್‌ವೇಟ್ ಬರೆದದ್ದು, 2018. ಮರುವರ್ಷ ಬುಕರ್ ಪ್ರಶಸ್ತಿಯ ಉದ್ದ ಪಟ್ಟಿಯಲ್ಲೂ ಇತ್ತು. ಲಾಗೋಸ್ ಊರು, ಅಕ್ಕ ಕೊರೆಡೆ ನರ್ಸು, ತಂಗಿ ಅಯೂಲಾ ಚೆಲುವೆ. ತಂಗಿ ಮತ್ತೆ ಒಬ್ಬ ಗೆಳೆಯನನ್ನು ಕೊಂದು ಅಕ್ಕನಿಗೆ ಫೋನ್ ಮಾಡುವಲ್ಲಿಂದ ಪುಸ್ತಕ ಶುರು. ಅಕ್ಕ ಬ್ಲೀಚು, ರಬ್ಬರ್ ಗ್ಲೌಸು ಹಿಡಿದು ಹೋಗಿ ಬಾತ್‌ರೂಮು ತಿಕ್ಕುತ್ತಾಳೆ. ರಕ್ತ ಎಲ್ಲೆಲ್ಲಿ ಅಡಗಿ ಕೂರುತ್ತದೆ ಅಂತ ಅವಳಿಗೆ ಗೊತ್ತು. ಮೂರು ಆದರೆ ಸರಣಿ ಹಂತಕಿ ಅನ್ನುತ್ತಾರೆ ಅಂತ ಇಂಟರ್ನೆಟ್ಟಿನಲ್ಲಿ ಹುಡುಕಿಯೂ ನೋಡುತ್ತಾಳೆ. ನಮ್ಮ ಕಡೆ ಮನೆಗೆ ನೆಂಟರು ಬಂದು ಹೋದ ಮೇಲೆ ಹಿರಿ ಸೊಸೆ ಗೊಣಗುತ್ತಾ ಪಾತ್ರೆ ತಿಕ್ಕುತ್ತಾಳಲ್ಲ, ಅದೇ ಧಾಟಿ. ಎದುರಿಗಿರುವುದು ಹೆಣ, ಅಷ್ಟೇ ವ್ಯತ್ಯಾಸ.

ಒಂಟಿತನ ಎಲ್ಲಿದೆ ಅಂದರೆ, ಇವಳು ತನ್ನ ಗುಟ್ಟುಗಳನ್ನೆಲ್ಲ ಹೇಳಿಕೊಳ್ಳುವುದು ಆಸ್ಪತ್ರೆಯಲ್ಲಿ ಕೋಮಾದಲ್ಲಿ ಮಲಗಿರುವ ಒಬ್ಬ ರೋಗಿಯ ಹತ್ತಿರ. ಅವನು ಕೇಳಿಸಿಕೊಳ್ಳುವುದಿಲ್ಲ ಅನ್ನುವ ಧೈರ್ಯ. ಆ ಪುಟಗಳಲ್ಲಿ ನಗು ನಿಂತುಹೋಗುತ್ತದೆ. ಕೊರೆಡೆ ನಮ್ಮಿಂದ ಏನನ್ನೂ ಮುಚ್ಚಿಡುವ ಹಾಗೆ ಕಾಣುವುದಿಲ್ಲ, ಕೊಲೆ ಯಾರದು ಅಂತ ಪುಸ್ತಕದ ಹೆಸರಲ್ಲೇ ಇದೆ. ಆದರೆ ಅರ್ಧ ದಾಟಿದ ಮೇಲೆ ನಮಗೆ ಬೇರೆ ಅನುಮಾನ ಶುರುವಾಗುತ್ತದೆ. ಇವಳು ತಂಗಿಯನ್ನು ಕಾಪಾಡುತ್ತಿರುವುದು ಪ್ರೀತಿಗಾ, ಅಭ್ಯಾಸಕ್ಕಾ, ಇಲ್ಲಾ ತನಗೆ ಬೇರೆ ಯಾರೂ ಇಲ್ಲ ಅಂತಲಾ? ಅವಳು ಅದಕ್ಕೆ ನೇರ ಉತ್ತರ ಕೊಡುವುದಿಲ್ಲ.

ಅಧ್ಯಾಯಗಳು ಚಿಕ್ಕ ಚಿಕ್ಕವು, ಕೆಲವು ಒಂದೇ ಪುಟ. ಇಂಗ್ಲಿಷು ಸರಳ. ಹಾಲು ಉಕ್ಕುವುದರೊಳಗೆ ಒಂದು ಅಧ್ಯಾಯ ಮುಗಿಯುತ್ತದೆ (ಪರೀಕ್ಷೆ ಮಾಡಿದ್ದೇನೆ, ಹಾಲು ಉಕ್ಕಿತು). ಕೊರತೆ ಅಂದರೆ, ತನಿಖೆ, ಸುಳಿವು, ಜಾಣತನದ ಲೆಕ್ಕಾಚಾರ ಬಯಸುವವರಿಗೆ ಇಲ್ಲಿ ಕೆಲಸ ಕಡಿಮೆ. ಪೊಲೀಸರು ಬರುತ್ತಾರೆ, ಹೋಗುತ್ತಾರೆ.

ಸಕ್ಕರೆ ಡಬ್ಬಿ

ಶರ್ಲಿ ಜಾಕ್ಸನ್ ಅಮೆರಿಕದವರು, 1965ರಲ್ಲಿ ತೀರಿಕೊಂಡರು. ಅವರ ಕೊನೆಯ ಕಾದಂಬರಿ 1962ರದ್ದು, ಹೆಸರು ವಿ ಹ್ಯಾವ್ ಆಲ್ವೇಸ್ ಲಿವ್ಡ್ ಇನ್ ದ ಕ್ಯಾಸಲ್. ಹದಿನೆಂಟು ವರ್ಷದ ಮೆರಿಕ್ಯಾಟ್, ಅಕ್ಕ ಕಾನ್‌ಸ್ಟನ್ಸ್, ಗಾಲಿಕುರ್ಚಿಯಲ್ಲಿರುವ ಚಿಕ್ಕಪ್ಪ, ಮೂವರೇ ದೊಡ್ಡ ಮನೆಯಲ್ಲಿದ್ದಾರೆ. ಆರು ವರ್ಷದ ಹಿಂದೆ ಒಂದು ರಾತ್ರಿ ಊಟದಲ್ಲಿ ಸಕ್ಕರೆಯ ಜೊತೆ ಪಾಷಾಣ ಬೆರೆತು ಮನೆಯ ನಾಲ್ವರು ಸತ್ತಿದ್ದಾರೆ. ಅಕ್ಕ ಸಕ್ಕರೆ ಹಾಕಿಕೊಳ್ಳುವವಳಲ್ಲ. ಕೋರ್ಟು ಅವಳನ್ನು ಬಿಟ್ಟಿದೆ, ಊರು ಬಿಟ್ಟಿಲ್ಲ. ಮೆರಿಕ್ಯಾಟ್ ವಾರಕ್ಕೆ ಎರಡು ದಿನ ಅಂಗಡಿಗೆ, ಲೈಬ್ರರಿಗೆ ಹೋಗಬೇಕು. ಜನ ಹೇಗೆ ನೋಡುತ್ತಾರೆ, ಹುಡುಗರು ಯಾವ ಹಾಡು ಕಟ್ಟಿ ಹಾಡುತ್ತಾರೆ ಅನ್ನುವ ಆ ಮೊದಲ ಅಧ್ಯಾಯ ಒಂದಕ್ಕೇ ಪುಸ್ತಕ ಕೊಳ್ಳಬಹುದು.

ಬೇರೆ ದೇಶದ ಕಥೆ ಅನಿಸಲೇ ಇಲ್ಲ ನನಗೆ. ಮೆರಿಕ್ಯಾಟ್ ಮನೆಯ ರಕ್ಷಣೆಗೆ ಅಂತ ನೆಲದಲ್ಲಿ ಏನೇನೋ ಹೂಳುತ್ತಾಳೆ, ಮರಕ್ಕೆ ಪುಸ್ತಕ ಮೊಳೆ ಹೊಡೆದು ಇಡುತ್ತಾಳೆ. ನಮ್ಮ ಲೇಔಟಿನ ಹನ್ನೊಂದು ಮನೆಯಲ್ಲಿ ಒಂಬತ್ತಕ್ಕೆ ಬೂದುಗುಂಬಳ ಕಟ್ಟಿದೆ, ಅಮಾವಾಸ್ಯೆಗೆ ನಿಂಬೆಹಣ್ಣು ಮೆಣಸಿನಕಾಯಿ ಬದಲಾಗುತ್ತದೆ. ಮನೆಯವರಿಗೆ ಇದೆಲ್ಲ ಆಗದು, ಆದರೆ ನಮ್ಮದೂ ಆ ಒಂಬತ್ತರಲ್ಲಿ ಒಂದು.

ಮೆರಿಕ್ಯಾಟ್ ಮರೆಯುವವಳಲ್ಲ. ಎಲ್ಲ ಗೊತ್ತು. ನೀವು ಕೇಳಲಿಲ್ಲ, ನಾನು ಹೇಳಲಿಲ್ಲ ಅನ್ನುವ ಜಾತಿ. ಹಣದ ಮೇಲೆ ಕಣ್ಣಿಟ್ಟ ಒಬ್ಬ ದಾಯಾದಿ ಮನೆಗೆ ಬಂದು ತಳವೂರಿದಾಗ ಅವಳು ಮಾಡುವ ಕಿತಾಪತಿಗಳಿಗೆ ಜೋರಾಗಿ ನಕ್ಕೆ, ನಕ್ಕ ಮೇಲೆ ಯಾರ ಪರ ನಾನು ಅಂತ ಗಾಬರಿಯಾಯಿತು. ಗುಟ್ಟನ್ನು ಚುರುಕಿನ ಓದುಗರು ಬೇಗ ಊಹಿಸುತ್ತಾರೆ. ಊಹಿಸಿದರೂ ನಷ್ಟವಿಲ್ಲ, ಎರಡನೇ ಸಲ ಓದಿದಾಗ ಇನ್ನೂ ಚೆನ್ನಾಗಿತ್ತು. ಚಿಕ್ಕ ಪುಸ್ತಕ, ಆದರೆ ಓಟ ನಿಧಾನ. ಬೇಗ ಬೇಗ ಏನಾದರೂ ಆಗಬೇಕು ಅನ್ನುವವರು ನಲವತ್ತನೇ ಪುಟಕ್ಕೆ ಮಡಚಿಡುತ್ತಾರೆ.

ಮನೆಯೊಳಗಿನ ಇರುವೆಗಳು

ಕನ್ನಡದಲ್ಲಿ ಇಲ್ವಾ ಅಂದವರಿಗೆ ಉತ್ತರ ಇಲ್ಲಿದೆ. ವಿವೇಕ ಶಾನಭಾಗರ ಘಾಚರ್ ಘೋಚರ್, 2013. ಶ್ರೀನಾಥ್ ಪೇರೂರ್ ಇಂಗ್ಲಿಷಿಗೆ ತಂದ ಮೇಲೆ ಹೊರದೇಶದಲ್ಲೂ ಓದಿದರು. ನಮ್ಮಲ್ಲಿ ಎಷ್ಟೋ ಜನ ಮೊದಲು ಇಂಗ್ಲಿಷಿನಲ್ಲೇ ಓದಿದ್ದಾರೆ, ಅದು ಬೇರೆ ಮಾತು.

ಇದನ್ನು ರಹಸ್ಯ ಕಾದಂಬರಿ ಅಂತ ಯಾರೂ ಮಾರುವುದಿಲ್ಲ. ನಾನು ಮಾತ್ರ ಇದೇ ಪಟ್ಟಿಗೆ ಹಾಕುತ್ತೇನೆ. ಹೆಸರಿಲ್ಲದ ಒಬ್ಬ ಗಂಡಸು ಬೆಂಗಳೂರಿನ ಕಾಫಿ ಹೌಸಿನಲ್ಲಿ ಕೂತಿದ್ದಾನೆ. ವಿನ್ಸೆಂಟ್ ಅನ್ನುವ ಮಾಣಿಯನ್ನು ದೇವರ ಹಾಗೆ ನಂಬಿದ್ದಾನೆ. ಅಪ್ಪ ಮನೆ ಮನೆ, ಅಂಗಡಿ ಅಂಗಡಿ ಸುತ್ತುವ ಸೇಲ್ಸ್‌ಮನ್ ಆಗಿದ್ದ ಕಾಲದಲ್ಲಿ ಮನೆ ಚಿಕ್ಕದು, ಇರುವೆಗಳ ಕಾಟ. ಚಿಕ್ಕಪ್ಪ ಮಸಾಲೆ ಪುಡಿಯ ವ್ಯಾಪಾರ ಶುರು ಮಾಡಿದ ಮೇಲೆ ದುಡ್ಡು ಬಂತು, ಹೊಸ ಬಡಾವಣೆಯಲ್ಲಿ ಎರಡಂತಸ್ತಿನ ಮನೆ ಬಂತು. ಇವನು ಕಂಪನಿಯಲ್ಲಿ ಹೆಸರಿಗೆ ಡೈರೆಕ್ಟರು, ತಿಂಗಳಿಗೆ ಸಂಬಳ ಬರುತ್ತದೆ, ಮಾಡುವ ಕೆಲಸ ಏನೂ ಇಲ್ಲ. ಹೆಂಡತಿ ಅನಿತಾಗೆ ಇದು ಸಹಿಸುವುದಿಲ್ಲ. ಅವಳು ಬಾಯಿ ಬಿಟ್ಟು ಹೇಳುತ್ತಾಳೆ.

ಒಂದು ದೃಶ್ಯ ಹೇಳುತ್ತೇನೆ, ಇದರಿಂದ ಗುಟ್ಟೇನೂ ಹೋಗುವುದಿಲ್ಲ. ಒಂದು ದಿನ ಒಬ್ಬ ಹೆಂಗಸು ಚಿಕ್ಕಪ್ಪನನ್ನು ಕೇಳಿಕೊಂಡು ಮನೆ ಬಾಗಿಲಿಗೆ ಬರುತ್ತಾಳೆ. ಕೈಯಲ್ಲಿ ಡಬ್ಬಿ, ಅದರಲ್ಲಿ ಚಿಕ್ಕಪ್ಪನಿಗೆ ಇಷ್ಟ ಅಂತ ಮಾಡಿ ತಂದ ಸಾರು. ಮನೆಯ ಹೆಂಗಸರು ಅವಳನ್ನು ಹೇಗೆ ಅಟ್ಟುತ್ತಾರೆ ಅನ್ನುವುದನ್ನು ಈ ಗಂಡಸು ಬಾಗಿಲ ಹಿಂದೆ ನಿಂತವನ ಹಾಗೆ ಹೇಳುತ್ತಾನೆ. ಬೈಗುಳದ ಭಾಷೆಗೆ ಮೊದಲು ನಗು ಬರುತ್ತದೆ, ನಮ್ಮ ಓಣಿಯಲ್ಲಿ ಕೇಳಿದ ಹಾಗೇ ಇದೆ. ಸಾರಿನ ವಾಸನೆ ಬರುತ್ತಿರುತ್ತದೆ. ಆಮೇಲೆ ಗಮನಕ್ಕೆ ಬರುತ್ತದೆ, ಇವನು ಅಲ್ಲೇ ಇದ್ದ, ಒಂದು ಮಾತೂ ಆಡಲಿಲ್ಲ.

ಇವನ ಸುಳ್ಳಿನ ಬಗೆ ಇದೇ. ಆಡಿದ ಮಾತಿನಲ್ಲಿ ಸುಳ್ಳಿಲ್ಲ, ಆಡದೆ ಬಿಟ್ಟದ್ದರಲ್ಲಿ ಇದೆ. ಪುಸ್ತಕದ ತುಂಬ ಅಪ್ಪ, ಅಮ್ಮ, ಅಕ್ಕ, ಚಿಕ್ಕಪ್ಪ ಎಲ್ಲರ ವಿಷಯ ವಿವರವಾಗಿ ಹೇಳುತ್ತಾನೆ. ಕಾಫಿ ಹೌಸಿನಲ್ಲಿ ಆವತ್ತು ಯಾಕೆ ಕೂತಿದ್ದಾನೆ, ಯಾವುದಕ್ಕೆ ಕಾಯುತ್ತಿದ್ದಾನೆ ಅನ್ನುವುದನ್ನು ಮಾತ್ರ ಸುತ್ತಿ ಬಳಸಿ ಮುಂದಕ್ಕೆ ಹಾಕುತ್ತಲೇ ಇರುತ್ತಾನೆ. ಮುಂಚೆ ತಮಾಷೆ ಅಂತ ಓದಿದ ಇರುವೆ ಹೊಸಕುವ ಪುಟಗಳು ಮುಗಿದ ಮೇಲೆ ತಮಾಷೆಯಾಗಿ ಉಳಿಯುವುದಿಲ್ಲ. ಹೆಣ ಬಿದ್ದಿದೆಯಾ ಇಲ್ವಾ ಅಂತ ನಮ್ಮ ಗುಂಪಿನಲ್ಲಿ ಒಂದೂವರೆ ಗಂಟೆ ವಾದ ನಡೆಯಿತು, ಮಿರ್ಚಿ ಆರಿಹೋಯಿತು, ಒಗ್ಗರಣೆಯೂ ತಣ್ಣಗಾಯಿತು. ಒಬ್ಬರು ಇವತ್ತಿಗೂ ಏನೂ ಆಗಿಲ್ಲ ಅನ್ನುತ್ತಾರೆ. ಅವರದು ಕೂಡುಕುಟುಂಬ, ವ್ಯಾಪಾರಸ್ಥ ಮನೆ.

ಗಂಟು ಬಿಚ್ಚಲೇಬೇಕು ಅನ್ನುವವರಿಗೆ ಇದು ಕೊಡಬೇಡಿ, ಪುಸ್ತಕ ಎಸೆಯುತ್ತಾರೆ. ಉಳಿದವರಿಗೆ ಐದರಲ್ಲಿ ನಾನು ಮೊದಲು ಕೈಗಿಡುವುದು ಇದನ್ನೇ. ಒಂದು ಸಂಜೆಯ ಓದು. ಕನ್ನಡದಲ್ಲೇ ಓದಿ. ಇಂಗ್ಲಿಷು ಚೆನ್ನಾಗಿದೆ, ಆದರೆ ಆ ಬೈಗುಳ ಕನ್ನಡದಲ್ಲಿ ತಟ್ಟುವ ಹಾಗೆ ತಟ್ಟುವುದಿಲ್ಲ.

ಬೊಂಬಾಯಿಯ ಅನುಮಾನ

ಯಶವಂತ ಚಿತ್ತಾಲರ ಶಿಕಾರಿ, 1979. ಇದು ದಪ್ಪ ಪುಸ್ತಕ, ಗಟ್ಟಿ ಪುಸ್ತಕ. ನಾಗಪ್ಪ ಬೊಂಬಾಯಿಯಲ್ಲಿ ಒಬ್ಬನೇ ಇರುವವನು, ದೊಡ್ಡ ಕಂಪನಿಯಲ್ಲಿ ದೊಡ್ಡ ಕೆಲಸ. ಇದ್ದಕ್ಕಿದ್ದ ಹಾಗೆ ಅವನನ್ನು ಕೆಲಸದಿಂದ ದೂರ ಇಡುತ್ತಾರೆ. ಆರೋಪ ಏನು, ಯಾರು ಮಾಡಿದ್ದು, ಅವನಿಗೇ ಗೊತ್ತಿಲ್ಲ. ಅಲ್ಲಿಂದ ಮುಂದೆ ಬಾಗಿಲು ತಟ್ಟಿದವರೆಲ್ಲ, ಫೋನ್ ಮಾಡಿದವರೆಲ್ಲ ಬೇಟೆಗಾರರೇ. ಹಳೇ ಸ್ನೇಹಿತ ಬಂದು ಸಮಾಧಾನ ಹೇಳಿದರೆ ಇವನನ್ನು ಯಾರು ಕಳಿಸಿದ್ದು ಅಂತ ಯೋಚನೆ. ಚಿತ್ತಾಲರೇ ಮುಂಬಯಿಯಲ್ಲಿ ರಾಸಾಯನಿಕ ಉದ್ಯಮದಲ್ಲಿದ್ದವರು, ಆಫೀಸಿನ ಒಳರಾಜಕೀಯ ಅವರು ಬರೆದ ಹಾಗೆ ಕನ್ನಡದಲ್ಲಿ ಇನ್ನೊಬ್ಬರು ಬರೆದದ್ದನ್ನು ನಾನು ಓದಿಲ್ಲ.

ನಾಗಪ್ಪ ಸುಳ್ಳುಗಾರ ಅಲ್ಲ. ಅವನ ಅನುಮಾನವನ್ನು ಎಷ್ಟು ನಂಬಬೇಕು ಅನ್ನುವುದೇ ನಮ್ಮ ಕಷ್ಟ. ಕ್ಯಾಲೆಂಡರಿನ ಹಿಂದೆ ಟೈಮು ಬರೆದವಳಿಗೆ ಈ ಪುಸ್ತಕ ಸ್ವಲ್ಪ ಹತ್ತಿರದಿಂದಲೇ ತಾಗಿತು. ನಗು ಇದೆ, ಆದರೆ ಒಣ ನಗು, ಆಫೀಸಿನಲ್ಲಿ ಕೆಲಸ ಮಾಡಿದವರಿಗೆ ಮಾತ್ರ ಬರುವಂಥದ್ದು. ಟ್ರಾನ್ಸ್‌ಫರ್, ಇನ್‌ಕ್ವಯರಿ, ಮೆಮೋ ಅನುಭವಿಸಿದವರು ಬಿಡಬೇಡಿ. ಮನಸ್ಸು ಕುಗ್ಗಿರುವಾಗ ಮಾತ್ರ ಶುರು ಮಾಡಬೇಡಿ, ನಾನು ಮಾಡಿ ಪಟ್ಟಿದ್ದೇನೆ.

ಗಿಲಿಯನ್ ಫ್ಲಿನ್ನರ ಗಾನ್ ಗರ್ಲ್ ಯಾಕಿಲ್ಲ ಅಂತ ಕೇಳುತ್ತೀರಿ. ಚೆನ್ನಾಗಿದೆ, ಹರಿತವಾಗಿದೆ, ಗಂಡ ಹೆಂಡತಿ ಇಬ್ಬರೂ ಸುಳ್ಳರೇ. ಆದರೆ ಅದು ಜಗಳದ ಪುಸ್ತಕ. ಒಂಟಿ ಕಿಟಕಿಯ ಸುಖ ಅದರಲ್ಲಿಲ್ಲ.

ದುಡ್ಡು, ಟೈಮು

ಇಂಗ್ಲಿಷಿನ ಮೂರಕ್ಕಿಂತ ಕನ್ನಡದ ಎರಡು ಜೇಬಿಗೆ ಹಗುರ. ಬಳ್ಳಾರಿಯಲ್ಲಿ ಅಂಗಡಿಯಲ್ಲಿ ಸಿಗದಿದ್ದರೆ ಪ್ರಕಾಶಕರಿಗೇ ಫೋನ್ ಮಾಡಿ ಅಂಚೆಯಲ್ಲಿ ತರಿಸಿಕೊಳ್ಳುವುದು ವಾಸಿ. ಬೇಗ ಬೇಡ ಅನ್ನುವವರು ಜಿಲ್ಲಾ ಕೇಂದ್ರ ಗ್ರಂಥಾಲಯದಲ್ಲಿ ಶಿಕಾರಿ ಮೊದಲು ಕೇಳಿ ನೋಡಿ, ಹಳೇ ಕಾದಂಬರಿಗಳು ಅಲ್ಲಿ ಸಿಗುವ ಸಂಭವ ಜಾಸ್ತಿ. ಫೋನಿನಲ್ಲಿ ಓದುವವರು ಕೊಳ್ಳುವ ಮುಂಚೆ ಪುಕ್ಕಟೆ ಸಿಗುವ ಮಾದರಿ ಪುಟಗಳನ್ನು ಓದಿ. ಈ ಜಾತಿಯ ಪುಸ್ತಕದಲ್ಲಿ ಹತ್ತು ಪುಟಕ್ಕೇ ಆ ದನಿ ನಿಮಗೆ ಆಗಿಬರುತ್ತದಾ ಇಲ್ವಾ ಗೊತ್ತಾಗಿಬಿಡುತ್ತದೆ.

ಫುಟ್‌ಪಾತಿನ ಕಳ್ಳ ಪ್ರತಿ ಮಾತ್ರ ಬೇಡ. ಬೆಂಗಳೂರಿಗೆ ಹೋದಾಗ ರೈಲಿನ ಪುಸ್ತಕವನ್ನು ಹಾಗೇ ತಗೊಂಡಿದ್ದೆ, ಅರ್ಧಕ್ಕಿಂತ ಕಡಿಮೆ ಬೆಲೆ. ಕೊನೆಯ ಹತ್ತಿರ ಹದಿನಾರು ಪುಟದ ಒಂದು ಫಾರಂ ಇರಲಿಲ್ಲ, ಅದರ ಬದಲು ಮಧ್ಯದ ಹದಿನಾರು ಪುಟ ಎರಡನೇ ಸಲ ಹೊಲಿದಿದ್ದರು. ರೇಚಲ್‌ಗೆ ನೆನಪು ಬರುವ ಹೊತ್ತಿಗೆ ಮತ್ತೆ ಹಳೇ ಅಮಲು. ಇದು ಲೇಖಕಿಯ ಕೈಚಳಕವೇ ಇರಬೇಕು ಅಂತ ಐದು ಪುಟದವರೆಗೆ ಮೆಚ್ಚಿಕೊಂಡು ಓದಿದ್ದೇನೆ.

ಕೊಪ್ಪಳದ ಹುಡುಗಿಗೆ ಲಾಗೋಸಿನ ಅಕ್ಕತಂಗಿಯರನ್ನು ಕಳಿಸಿದೆ. ಅವಳಿಗೂ ಒಬ್ಬ ತಂಗಿ ಇದ್ದಾಳೆ, ಬಟ್ಟೆ ತೊಳೆಯುವುದೆಲ್ಲ ಇವಳೇ. ಶಿಫ್ಟಿನಲ್ಲಿ ಕೆಲಸ ಮಾಡುವವರಿಗೆ, ದಿನಕ್ಕೆ ಹತ್ತೇ ನಿಮಿಷ ಸಿಗುವವರಿಗೂ ಅದೇ ಸರಿ. ಬಳ್ಳಾರಿಯಿಂದ ಬೆಂಗಳೂರಿಗೆ ರಾತ್ರಿ ಗಾಡಿಯಲ್ಲಿ ಹೋಗುವವರಿಗೆ, ಇಳಿಯುವುದರೊಳಗೆ ಕೊಲೆಗಾರ ಸಿಗಲೇಬೇಕು ಅನ್ನುವವರಿಗೆ ರೈಲಿನ ರೇಚಲ್. ಮಾತು, ವಾಕ್ಯ, ವಾತಾವರಣ ಅಂತ ನಿಧಾನಕ್ಕೆ ಸವಿಯುವವರಿಗೆ ಸಕ್ಕರೆ ಡಬ್ಬಿ. ರಿಟೈರ್ ಆದವರಿಗೆ, ಆಫೀಸಿನ ಹಳೇ ಸಿಟ್ಟು ಇನ್ನೂ ಇರುವವರಿಗೆ ಶಿಕಾರಿ. ಗುಂಪಿನಲ್ಲಿ ಓದಿ ಜಗಳ ಆಡಬೇಕು ಅಂದರೆ ಘಾಚರ್ ಘೋಚರ್ ಬಿಟ್ಟು ಬೇರೆ ಯೋಚಿಸಬೇಡಿ, ಮಿರ್ಚಿ ಮಾತ್ರ ವಾದ ಶುರುವಾಗುವ ಮುಂಚೆ ತಿಂದುಬಿಡಿ.

ನನ್ನ ಘಾಚರ್ ಘೋಚರ್ ಪ್ರತಿಯನ್ನು ಈಗ ಯಾರೂ ಕೇಳಬೇಡಿ. ಎದುರು ಮನೆಯ ಅಕ್ಕ ರಾಯಚೂರಿನಿಂದ ವಾಪಸ್ ಬಂದ ಮೇಲೆ ಓದಲು ಒಯ್ದಿದ್ದಾರೆ. ಮೂರು ವಾರ ಆಯಿತು. ಮೊನ್ನೆ ರಾತ್ರಿ ನೀರು ಬಂದಾಗ ಚಾಪೆ ಸುತ್ತಿದ ಪೈಪನ್ನು ಆಕೆಯೇ ಎಳೆದುಕೊಂಡು ಬಂದರು, ಒಬ್ಬರೇ. ಪುಸ್ತಕ ಹೇಗಿತ್ತು ಅಂತ ಕೇಳಿದೆ. "ಭಾಳ ಚೊಲೋ ಐತ್ರಿ, ಎರಡ ಸಲ ಓದೀನಿ" ಅಂದರು. ಯಜಮಾನರು ಕಾಣಲಿಲ್ಲವಲ್ಲ ಅಂದೆ. ಊರಿಗೆ ಹೋಗಿದ್ದಾರಂತೆ.